ತಬ್ಬಲಿಯಾದ ಪೆಟ್ಟಿಗೆಗೆ ಮತ್ತೆ ರಾಣಿ ಬಂತು

ಗುಬ್ಬಿ ತಾಲ್ಲೂಕಿನಲ್ಲಿ ನಮ್ಮದು ತೆಂಗು, ಅಡಿಕೆ ತೋಟ. ಬದುವಿನಲ್ಲಿ ಹೊಂಗೆ, ಹುಣಸೆ ಮರಗಳಿವೆ. ಅವುಗಳ ನೆರಳಲ್ಲಿ ಮೂರು ಪೆಟ್ಟಿಗೆ ತುಡುವೆ ಜೇನು ಸಾಕಿದ್ದೇನೆ. ತುಪ್ಪ ಎಷ್ಟು ಬಂತು ಅಂತ ಎಲ್ಲರೂ ಕೇಳುತ್ತಾರೆ. ನನಗೆ ಹೇಳಬೇಕು ಅನ್ನಿಸುವುದು ಎರಡನೇ ಪೆಟ್ಟಿಗೆಯ ಕಥೆ.

ತಪ್ಪು ನನ್ನದೇ. ಮಾರ್ಚ್ ಶುರುವಿನಲ್ಲಿ, ಹೊಂಗೆ ಮೊಗ್ಗು ಬಿಡುವ ಹೊತ್ತು. ಪೆಟ್ಟಿಗೆಯೊಳಗೆ ಜೇನು ಮೇಣದ ಎರಿ ಕಟ್ಟುವ ಚೌಕಟ್ಟುಗಳಿರುತ್ತವೆ. ಅವಸರದಲ್ಲಿ ನಡುವಿನ ಚೌಕಟ್ಟನ್ನೇ ಮೊದಲು ಎಳೆದೆ. ಅಂಚಿನದನ್ನು ತೆಗೆದು ಜಾಗ ಮಾಡಿಕೊಳ್ಳಬೇಕಿತ್ತು. ಪಕ್ಕದ ಎರಿಗೆ ಉಜ್ಜಿ ಒಂದಷ್ಟು ನೊಣ ಜಜ್ಜಿಹೋದವು. ರಾಣಿಯೂ ಅದರಲ್ಲಿ ಸೇರಿತ್ತು ಅಂತ ಆಗ ಗೊತ್ತಾಗಲಿಲ್ಲ.

ಐದು ದಿನ ಬಿಟ್ಟು ನೋಡಿದರೆ ಎರಿಯ ಮಧ್ಯದಲ್ಲಿ ನಾಲ್ಕು ರಾಣಿ ಕೋಶ, ಅಂದರೆ ಹೊಸ ರಾಣಿ ಬೆಳೆಸುವ ಗೂಡು, ಕಟ್ಟಿದ್ದವು. ಜೇನು ಪಾಲಾಗಿ ಒಂದು ಪಾಲು ಹಾರಿಹೋಗುತ್ತದೆ ಅಂತ ಹೆದರಿ ನಾಲ್ಕನ್ನೂ ಕಿತ್ತೆ. ಪಾಲಾಗುವ ಜೇನು ಸಾಮಾನ್ಯವಾಗಿ ಎರಿಯ ಕೆಳ ಅಂಚಿನಲ್ಲಿ ರಾಣಿ ಕೋಶ ಕಟ್ಟುತ್ತದೆ. ರಾಣಿ ಸತ್ತಾಗಲಾದರೆ ಎರಿಯಲ್ಲಿ ಇರುವ ಮರಿಯನ್ನೇ ರಾಣಿಯಾಗಿ ಬೆಳೆಸಬೇಕಲ್ವಾ, ಅದಕ್ಕೇ ಎರಿಯ ನಡುವೆ ಕಟ್ಟುತ್ತದೆ. ಈ ವ್ಯತ್ಯಾಸ ನನಗೆ ಗೊತ್ತಿರಲಿಲ್ಲ. ಅವು ಉಳಿಯಲು ಮಾಡಿಕೊಂಡ ದಾರಿಯನ್ನು ನಾನೇ ಮುಚ್ಚಿದ್ದೆ.

ಹತ್ತನೇ ದಿನ ದೊಡ್ಡಪ್ಪ ತೋಟಕ್ಕೆ ಬಂದರು. ಅವರೂ ಹಿಂದೆ ಜೇನು ಸಾಕಿದವರು. 1991–92ರಲ್ಲಿ ಥಾಯ್ ಸ್ಯಾಕ್‌ಬ್ರೂಡ್ ಅನ್ನುವ ವೈರಸ್ ರೋಗ ಕರ್ನಾಟಕದ ತುಡುವೆಗಳಿಗೆ ಬಡಿದಾಗ ಅವರ ಪೆಟ್ಟಿಗೆಗಳೂ ಖಾಲಿಯಾದವು. ಮರಿಹುಳು ನೀರು ತುಂಬಿದ ಚೀಲದ ಹಾಗಾಗಿ ಸಾಯುವ ರೋಗ ಅದು. ಮತ್ತೆ ಅವರು ಸಾಕಲಿಲ್ಲ. ಪೆಟ್ಟಿಗೆಗೆ ಕಿವಿಯಿಟ್ಟು, “ತಾಯಿ ಇಲ್ಲ ಕಣಪ್ಪ ಇದ್ರಲ್ಲಿ. ತಬ್ಬಲಿ ಆಗವೆ. ಸದ್ದು ಕೇಳು” ಅಂದರು.

ಪಕ್ಕದ ಪೆಟ್ಟಿಗೆಯದು ಹದವಾದ ಗುಂಯ್. ಇದರದು ಏರಿ ಇಳಿಯುವ, ನರಳಿದ ಹಾಗಿನ ಸದ್ದು. ರಾಣಿಯ ಮೈವಾಸನೆ ಒಂದು ನೊಣದಿಂದ ಇನ್ನೊಂದಕ್ಕೆ ಹರಡುತ್ತಾ ಇದ್ದರೇ ಸಂಸಾರಕ್ಕೆ ನೆಮ್ಮದಿ. ತೆರೆದು ನೋಡಿದೆವು. ಮೊಟ್ಟೆ ಇಲ್ಲ, ಎಳೇ ಮರಿಯೂ ಇಲ್ಲ. ಹಾಗೇ ಬಿಟ್ಟರೆ ಕೆಲಸದ ನೊಣಗಳೇ ಮೊಟ್ಟೆ ಇಡಲು ಶುರುಮಾಡುತ್ತವೆ. ಅದರಿಂದ ಬರೀ ಗಂಡು ನೊಣ ಹುಟ್ಟುತ್ತವೆ, ಸಂಸಾರ ಅಲ್ಲಿಗೆ ಮುಗಿದ ಹಾಗೆ.

ಒಂದನೇ ಪೆಟ್ಟಿಗೆಯಿಂದ ಮೊಟ್ಟೆ ಇರುವ ಚೌಕಟ್ಟು ಆರಿಸಿದೆ. ಬಿಸಿಲಿಗೆ ಬೆನ್ನು ಮಾಡಿ ಹಿಡಿದರೆ ಮೊಟ್ಟೆ ಕಾಣುತ್ತದೆ. ಕೋಶದ ತಳದಲ್ಲಿ ತುಂಡು ಬಿಳಿ ದಾರ ನಿಲ್ಲಿಸಿದ ಹಾಗೆ, ಕೋಶಕ್ಕೊಂದು. ರಾಣಿ ಅದರ ಮೇಲಿಲ್ಲ ಅಂತ ಎರಡು ಸಲ ನೋಡಿ, ನೊಣಗಳನ್ನು ಮೆತ್ತಗೆ ಕೊಡವಿ, ಎರಡನೇ ಪೆಟ್ಟಿಗೆಯ ನಡುವೆ ಇಳಿಸಿದೆ. ಸಂಜೆ ಸಕ್ಕರೆ ಪಾಕ ಇಟ್ಟೆ.

ರಾಣಿಯಾಗುವ ಮೊಟ್ಟೆ ಬೇರೆ, ಕೆಲಸದ ನೊಣವಾಗುವ ಮೊಟ್ಟೆ ಬೇರೆ ಅಲ್ಲ. ಎಳೇ ನೊಣಗಳ ತಲೆಯ ಗ್ರಂಥಿಯಿಂದ ಬರುವ ಹಾಲಿನಂಥ ರಸವನ್ನು ಮೊದಮೊದಲು ಎಲ್ಲ ಮರಿಗೂ ಉಣಿಸುತ್ತವೆ. ರಾಣಿಯಾಗಬೇಕಾದ ಮರಿಗೆ ಮಾತ್ರ ಕೊನೆವರೆಗೂ ಅದೇ ಊಟ, ಅದೂ ಧಾರಾಳವಾಗಿ. ಒಂದು ವಾರದಲ್ಲಿ ಮೂರು ಕೋಶ ಕಂಡವು, ಕಡಲೆಕಾಯಿ ನೇತುಹಾಕಿದ ಹಾಗೆ. ದೊಡ್ಡಪ್ಪನ ಮಾತಿನಂತೆ ದಪ್ಪಗಿದ್ದ ಒಂದನ್ನು ಉಳಿಸಿದೆ. ಆಮೇಲೆ ಅದರ ತುದಿಯ ಮೇಣವನ್ನು ನೊಣಗಳು ಕೆರೆದು ಕಂದು ಬಣ್ಣ ಕಾಣಿಸಿತು. ರಾಣಿ ಹೊರಬರುವ ಹೊತ್ತು, ಇನ್ನು ಮುಟ್ಟಬೇಡ ಅಂದರು ದೊಡ್ಡಪ್ಪ.

ಈಗ ಇನ್ನೊಂದು ಚಿಂತೆ. ಹೊಸ ರಾಣಿ ಗಂಡು ನೊಣಗಳ ಜೊತೆ ಕೂಡಲು ಹಗಲಲ್ಲಿ ಹೊರಗೆ ಹಾರಲೇಬೇಕು. ಪಕ್ಕದ ಹೊಲದಲ್ಲಿ ಸೌತೆ, ಅದಕ್ಕೆ ಔಷಧಿ ಹೊಡೆಯುವುದು ಬೆಳಿಗ್ಗೆಯೇ. ಹೋಗಿ, “ಅಣ್ಣ, ಸಂಜೆ ಹೊತ್ತು ಮುಳುಗಿದ ಮೇಲೆ ಹೊಡಿ” ಅಂತ ಕೇಳಿಕೊಂಡೆ. ಸೌತೆಯ ಗಂಡು ಹೂವಿನ ಪರಾಗ ಹೆಣ್ಣು ಹೂವಿಗೆ ಮುಟ್ಟಿಸುವುದೇ ಈ ನೊಣಗಳು, ಸರಿಯಾಗಿ ಮುಟ್ಟದಿದ್ದರೆ ಕಾಯಿ ಸೊಟ್ಟ ಅಂದೆ. ಸೊಟ್ಟ ಕಾಯಿಗೆ ಮಾರ್ಕೆಟ್ಟಿನಲ್ಲಿ ಏನು ರೇಟು ಅಂತ ಅವರಿಗೆ ನನಗಿಂತ ಚೆನ್ನಾಗಿ ಗೊತ್ತು. ಒಪ್ಪಿದರು. ಈಗಲೂ ಔಷಧಿ ಹೊಡೆಯುವ ದಿನ ಮೊದಲೇ ಫೋನ್ ಮಾಡುತ್ತಾರೆ.

ಚೌಕಟ್ಟು ಕೊಟ್ಟು ಇಪ್ಪತ್ತೈದು ದಿನ ಆಗಿತ್ತು. ಎದೆ ಡವಡವ ಅನ್ನುತ್ತಾ ಮುಚ್ಚಳ ತೆಗೆದೆ. ಈ ಸಲ ಅಂಚಿನ ಚೌಕಟ್ಟು ಮೊದಲು, ನಿಧಾನಕ್ಕೆ. ರಾಣಿ ಕಾಣಲಿಲ್ಲ. ಮೂರನೇ ಚೌಕಟ್ಟನ್ನು ಬಿಸಿಲಿಗೆ ಹಿಡಿದೆ. ಕೋಶಕ್ಕೊಂದು ಬಿಳಿ ದಾರ, ಅಂಗೈಯಗಲ. ತಕ್ಷಣ ಮುಚ್ಚಿದೆ.

ಹುಣಸೆ ಹೂ ಬಿಡುವ ಹೊತ್ತಿಗೆ ಎರಿಗಳ ಮೇಲೆ ನೊಣ ತುಂಬಿದ್ದವು. ಆ ವರ್ಷ ಆ ಪೆಟ್ಟಿಗೆಯಿಂದ ತುಪ್ಪ ತೆಗೆಯಲಿಲ್ಲ. ಅವಕ್ಕೇ ಬಿಟ್ಟೆ.