ರದ್ದಾದ ಮತಕ್ಷೇತ್ರವೊಂದರ ಚರಿತ್ರೆ ಬರೆಯುವ ಕ್ರಮ: ಅಂಕೋಲಾದ ನಿದರ್ಶನ

ಅಂಕೋಲಾ ಪಟ್ಟಣವಿದೆ, ತಾಲ್ಲೂಕೂ ಇದೆ. ಆದರೆ ಅಂಕೋಲಾ ಎಂಬ ವಿಧಾನಸಭಾ ಕ್ಷೇತ್ರ 2008ರ ಚುನಾವಣೆಯಿಂದೀಚೆಗೆ ಇಲ್ಲ. ಇಂಥ ಕ್ಷೇತ್ರದ ಚರಿತ್ರೆಯನ್ನು ಬರೆಯಲು ಹೊರಡುವವರು ಗೆದ್ದವರ ಹೆಸರುಗಳಿಂದ ಆರಂಭಿಸದೆ, ಮರುವಿಂಗಡಣೆಯ, ಅಂದರೆ ಕ್ಷೇತ್ರಗಳ ಗಡಿಗಳನ್ನು ಮತ್ತೆ ಗೊತ್ತುಪಡಿಸುವ, ಆದೇಶಗಳಿಂದ ಆರಂಭಿಸುವುದು ಒಳಿತು.

ಮೊದಲು ಕಾಲವನ್ನು ವಿಭಾಗಿಸಿಕೊಳ್ಳಿ. 1956ರ ನವೆಂಬರ್ 1ರವರೆಗೆ ಅಂಕೋಲಾ ಇರುವ ಉತ್ತರ ಕನ್ನಡ ಜಿಲ್ಲೆ ಮುಂಬಯಿ ರಾಜ್ಯದಲ್ಲಿದ್ದುದರಿಂದ 1952ರ ಫಲಿತಾಂಶವನ್ನು ಮುಂಬಯಿ ವಿಧಾನಸಭೆಯ ಪಟ್ಟಿಯಲ್ಲೇ ಹುಡುಕಬೇಕು. ಮೈಸೂರಿನ ಪಟ್ಟಿಯಲ್ಲಿ ಹುಡುಕಿದರೆ ಅದು ಸಿಗುವುದಿಲ್ಲ. ಅನಂತರ ರಾಜ್ಯದ ವಿಧಾನಸಭಾ ಸ್ಥಾನಗಳು 1957ರಲ್ಲಿ 208, 1967ರಲ್ಲಿ 216, 1978ರಲ್ಲಿ 224 ಆದವು. ಸ್ಥಾನಗಳ ಸಂಖ್ಯೆ ಬದಲಾದ ಚುನಾವಣೆಗಳಲ್ಲಿ ಗಡಿಗಳೂ ಬದಲಾಗಿರುತ್ತವೆ. ಆದ್ದರಿಂದ ಒಂದೇ ಹೆಸರಿನ ಕ್ಷೇತ್ರದ ಮತಗಳನ್ನು 1972 ಮತ್ತು 1978ರ ನಡುವೆ ನೇರವಾಗಿ ಹೋಲಿಸಬಾರದು. ಚುನಾವಣಾ ಆಯೋಗದ ಅಂಕಿಅಂಶ ವರದಿಗಳು ಮೊದಲ ಚುನಾವಣೆಯಿಂದಲೇ ಅಂತರ್ಜಾಲದಲ್ಲಿ ದೊರೆಯುತ್ತವೆ. ಅವು ಫಲಿತಾಂಶವನ್ನು ಹೇಳುತ್ತವೆ, ಗಡಿಯನ್ನಲ್ಲ. ಗಡಿಗಾಗಿ ಆದೇಶದ ಅನುಬಂಧದಲ್ಲಿರುವ ತಾಲ್ಲೂಕು, ಕಂದಾಯ ವೃತ್ತ ಮತ್ತು ಗ್ರಾಮಗಳ ವಿವರವನ್ನು ಓದಬೇಕು. ಹಳೆಯ ಆದೇಶಗಳಲ್ಲಿ ಸೂಪಾ ಎಂದಿರುವ ತಾಲ್ಲೂಕು ಇಂದಿನ ಜೋಯಿಡಾ ಎಂಬುದನ್ನು ಆಗ ನೆನಪಿನಲ್ಲಿಡಬೇಕಾಗುತ್ತದೆ.

ಕ್ಷೇತ್ರ ರದ್ದಾದ ಕಾರಣವನ್ನು ವಿವರಿಸುವ ಭಾಗಕ್ಕೆ ಹೆಚ್ಚು ಸ್ಥಳ ಕೊಡಿ. 2002ರ ಕಾಯ್ದೆಯಂತೆ ನಡೆದ ಮರುವಿಂಗಡಣೆ 2001ರ ಜನಗಣತಿಯನ್ನು ಆಧರಿಸಿತ್ತಾದರೂ ರಾಜ್ಯದ ಒಟ್ಟು ಸ್ಥಾನಗಳು 224 ಆಗಿಯೇ ಉಳಿಯಬೇಕಿತ್ತು. ಹೀಗಾಗಿ ಒಂದು ಕ್ಷೇತ್ರ ಹುಟ್ಟಬೇಕಾದರೆ ಇನ್ನೊಂದು ಅಳಿಯಲೇಬೇಕಿತ್ತು. ಉತ್ತರ ಕನ್ನಡದಲ್ಲಿ ಕ್ಷೇತ್ರಗಳು ಆರೇ ಉಳಿದವು: ಅಂಕೋಲಾ ಹೋಯಿತು, ಯಲ್ಲಾಪುರ ಬಂದಿತು, ಅಂಕೋಲಾ ತಾಲ್ಲೂಕು ಕಾರವಾರ ಕ್ಷೇತ್ರವನ್ನು ಸೇರಿತು. ಅದೇ ಆದೇಶದಿಂದ, ಪರಿಶಿಷ್ಟ ಜಾತಿಗೆ ಮೀಸಲಾಗಿದ್ದ ಶಿರಸಿ ಸಾಮಾನ್ಯ ಕ್ಷೇತ್ರವಾಯಿತು.

ಈ ಕೊನೆಯ ಅಂಶವನ್ನು ಬಿಟ್ಟರೆ ಅಭ್ಯರ್ಥಿಗಳ ಚಲನೆ ಅರ್ಥವಾಗುವುದಿಲ್ಲ. ಶಿರಸಿ ಕಡೆಯವರಾದ ವಿಶ್ವೇಶ್ವರ ಹೆಗಡೆ ಕಾಗೇರಿಯವರು 1994, 1999 ಮತ್ತು 2004ರಲ್ಲಿ ಅಂಕೋಲಾದಿಂದ ಗೆದ್ದು, 2008ರಿಂದ ಶಿರಸಿಯಲ್ಲಿ ಸ್ಪರ್ಧಿಸಿದರು. ಇದನ್ನು ಕೇವಲ ಕ್ಷೇತ್ರ ಬದಲಾವಣೆಯೆಂದು ಬರೆಯುವುದು ಅರ್ಧ ಸತ್ಯ. ಒಂದು ಕ್ಷೇತ್ರ ಇಲ್ಲವಾಗಿ, ಇನ್ನೊಂದರ ಮೀಸಲಾತಿ ತೆರವಾಗಿತ್ತೆಂಬುದನ್ನೂ ಜೊತೆಗೇ ಹೇಳಬೇಕು.

ಲೋಕಸಭಾ ಕ್ಷೇತ್ರವನ್ನು ಇದರೊಡನೆ ಬೆರೆಸದಿರಿ. 1967ರಲ್ಲಿ ದಿನಕರ ದೇಸಾಯಿಯವರು ಪಕ್ಷೇತರರಾಗಿ ಗೆದ್ದದ್ದು ಕೆನರಾ ಲೋಕಸಭಾ ಕ್ಷೇತ್ರದಿಂದ. 2008ರ ಮರುವಿಂಗಡಣೆಯಲ್ಲಿ ಅದಕ್ಕೆ ಉತ್ತರ ಕನ್ನಡವೆಂಬ ಹೆಸರು ಬಂದಿತು. ಬೆಳಗಾವಿ ಜಿಲ್ಲೆಯ ಖಾನಾಪುರ, ಕಿತ್ತೂರುಗಳೂ ಇಂದು ಅದರಲ್ಲಿವೆ.

ಊರಿನ ಹಿರಿಯರನ್ನು ಮಾತನಾಡಿಸುವುದನ್ನು ಕಡೆಗಿಟ್ಟುಕೊಳ್ಳಿ. ಆದೇಶದ ಗ್ರಾಮಪಟ್ಟಿ ಕೈಯಲ್ಲಿದ್ದಾಗ, ಅವರ ಊರು ಯಾವ ವರ್ಷ ಯಾವ ಕ್ಷೇತ್ರದಲ್ಲಿತ್ತೆಂದು ಖಚಿತಪಡಿಸಿಕೊಂಡೇ ಪ್ರಶ್ನೆ ಕೇಳಬಹುದು.