ಕಣ್ಣೀರಿಗೆ ಆರುವ ಬೆಳಕನ್ನು ರಂಗದ ಮೇಲೆ ಸುರಿದದ್ದು

ನಮ್ಮ ತಂಡದ ನಾಟಕದ ಲೋಕದಲ್ಲಿ ಸೂರ್ಯನಿಲ್ಲ. ಬೆಳಕು ಬಂಡೆಯಿಂದ ಒಸರುತ್ತದೆ. ಜನ ಅದನ್ನು ಪಾವು, ಸೇರಿನಲ್ಲಿ ಅಳೆದು ಮಾರುತ್ತಾರೆ, ಸಾಲ ತರುತ್ತಾರೆ, ಮದುವೆಗೆ ಕೊಡಗಟ್ಟಲೆ ಮುಯ್ಯಿ ಮಾಡುತ್ತಾರೆ. ಸಾಲ ತೀರಿಸದವನ ಮನೆಯಿಂದ ಸಾಹುಕಾರ ಬೆಳಕನ್ನೇ ಹೊತ್ತುಕೊಂಡು ಹೋಗುತ್ತಾನೆ. ಆದರೆ ಕಣ್ಣೀರು ಬಿದ್ದರೆ ಆ ಬೆಳಕು ಸತ್ತಂತೆ. ಇಷ್ಟನ್ನು ಬರೆದ ನಿರ್ದೇಶಕರೇ "ಇದೆಲ್ಲ ಮಾಡೋಕಾಗಲ್ಲ, ಪ್ರೇಕ್ಷಕರು ಊಹಿಸಿಕೊಳ್ತಾರೆ ಬಿಡಿ" ಎಂದು ಖಾಲಿ ಕೊಡ ಹಿಡಿಸಿ ತಾಲೀಮು ಶುರು ಮಾಡಿದ್ದರು. ಸೆಟ್ಟಿನವರು ಕೊಡದೊಳಗೆ ಎಲ್‌ಇಡಿ ಸ್ಟ್ರಿಪ್ ಇಡಿ ಅಂದರು. ಸ್ಟ್ರಿಪ್ ಹೊಳೆಯುತ್ತೆ, ಸುರಿಯಲ್ಲ. ಸುರಿಯದ ಮೇಲೆ ಅಳೆಯುವ ದೃಶ್ಯ ಯಾಕೆ ಬೇಕು?

ಮೊದಲು ದುಡ್ಡು ಹೋದದ್ದು ಕತ್ತಲಲ್ಲಿ ಹೊಳೆಯುವ ಹಸಿರು ಪುಡಿಗೆ, ಸ್ಟ್ರಾಂಷಿಯಂ ಅಲ್ಯುಮಿನೇಟ್. ಎರಡೂವರೆ ಸಾವಿರದ ಹತ್ತಿರ. ಬಣ್ಣದಲ್ಲಿ ಕಲಸಿ ಬಂಡೆಗೆ ಬಳಿದರೆ ಅದ್ಭುತ, ಅದು ಈಗಲೂ ಸೆಟ್ಟಿನಲ್ಲಿದೆ. ನೀರಿಗೆ ಹಾಕಿದರೆ ಮಾತ್ರ ತಳ ಸೇರುತ್ತದೆ, ಮಾರನೇ ದಿನಕ್ಕೆ ಸತ್ವವೂ ಇರುವುದಿಲ್ಲ. ನೀರು ತಾಗಿದರೆ ಕೆಡುವ ಜಾತಿ ಅದು, ಕೋಟಿಂಗ್ ಇರುವ ಪುಡಿಯೇ ಬೇಕು, ಅದರ ರೇಟು ಕೇಳಿ ಸುಮ್ಮನಾದೆ. ಆಮೇಲೆ ಅರಿಶಿನ. ಸ್ಪಿರಿಟ್‌ನಲ್ಲಿ ಕದಡಿ ಸೋಸಿ ಯುವಿ, ಅಂದರೆ ಕಣ್ಣಿಗೆ ಕಾಣದ ನೇರಳಾತೀತ ಬೆಳಕು, ಬಿಟ್ಟರೆ ಹಳದಿಹಸಿರು ಬೆಂಕಿ. ಬೆಂಕಿ ಅಂದದ್ದು ಸುಮ್ಮನೆ ಅಲ್ಲ, ದೀಪ ಹಚ್ಚುವ ದೃಶ್ಯವಿರುವ ನಾಟಕದಲ್ಲಿ ಬಕೆಟ್ ಸ್ಪಿರಿಟ್ ಇಡಲು ಯಾವ ಮ್ಯಾನೇಜರೂ ಒಪ್ಪುವುದಿಲ್ಲ, ಒಪ್ಪಲೂಬಾರದು. ಬಿ ಕಾಂಪ್ಲೆಕ್ಸ್ ಮಾತ್ರೆ ಕರಗಿಸಿಯೂ ನೋಡಿದೆ, ಬಣ್ಣ ಚೆನ್ನಾಗಿತ್ತು. ಅದರಲ್ಲಿರುವ ರೈಬೋಫ್ಲೇವಿನ್ ಬಿಸಿಲಿಗೆ ಆಗದು. ಬೆಳಗ್ಗೆ ಕಿಟಕಿಯಲ್ಲಿಟ್ಟ ಬಾಟಲಿ ಸಂಜೆಗೆ ಪೆಚ್ಚು.

ಕೊನೆಗೆ ಟಾನಿಕ್ ವಾಟರ್, ಕ್ಯಾನಿನಲ್ಲಿ ಬರುವ ಕಹಿ ಸೋಡಾ. ಅದಕ್ಕೆ ಕಹಿ ಕೊಡುವ ಕ್ವಿನೀನ್ ಯುವಿಗೆ ನೀಲಿಯಾಗಿ ಹೊಳೆಯುವುದನ್ನು ಇಂಗ್ಲಿಷ್ ವಿಜ್ಞಾನಿ ಜಾನ್ ಹರ್ಷೆಲ್ 1845ರಲ್ಲೇ ಬರೆದಿದ್ದಾನೆ, ಹೊಸದೇನಲ್ಲ. ನನಗೆ ಬೇಕಿದ್ದದ್ದು ಅದರ ಇನ್ನೊಂದು ಗುಣ: ಉಪ್ಪು ಬಿದ್ದರೆ ಆ ಹೊಳಪು ಆರುತ್ತದೆ. ಉಪ್ಪಿನ ಕ್ಲೋರೈಡ್‌ಗೂ ಕ್ವಿನೀನ್‌ಗೂ ಆಗಿಬರುವುದಿಲ್ಲ. ಕಣ್ಣೀರೂ ಉಪ್ಪೇ ತಾನೆ! ಅಡುಗೆಮನೆಯಲ್ಲಿ ಇದನ್ನು ತೋರಿಸಿದಾಗ ನಿರ್ದೇಶಕರು "ಲೋಟದಲ್ಲಿ ಸರಿ, ಕೊಡದಲ್ಲಿ ನೋಡೋಣ" ಅಂದರು.

ಕೊಡದಲ್ಲೂ ಆಯಿತು, ಸಲೀಸಾಗಿ ಅಲ್ಲ. ಹರಳುಪ್ಪು ಕರಗುವಷ್ಟರಲ್ಲಿ ನಟಿಯ ಡೈಲಾಗೇ ಮುಗಿಯುತ್ತದೆ. ಹಾಗಾಗಿ ಇನ್ನು ಕರಗದು ಅನ್ನುವಷ್ಟು ಗಟ್ಟಿ ಉಪ್ಪುನೀರು, ಮೂರೂವರೆ ಲೀಟರಿಗೆ ಒಂದು ದೊಡ್ಡ ಲೋಟ. ಕೈ ಆಡಿಸಿದರೆ ನಾಲ್ಕೈದು ಸೆಕೆಂಡಿನಲ್ಲಿ ನೀಲಿ ಸುರುಳಿಸುರುಳಿಯಾಗಿ ಹರಿದು, ಅಂಚಿನಲ್ಲಿ ಸ್ವಲ್ಪ ಉಳಿದು, ಹೋಗುತ್ತದೆ. ಅಷ್ಟು ಉಪ್ಪುನೀರು ನಟಿಯ ಕೈಯಿಂದ ಪ್ರೇಕ್ಷಕರಿಗೆ ಕಾಣದಂತೆ ಹೇಗೆ ಬೀಳುತ್ತದೆ ಅನ್ನುವುದು ನನ್ನ ಹತ್ತಿರವೇ ಇರಲಿ. ಮುಂದಿನ ಸಾಲಿನಲ್ಲಿ ಕೂತ ದೀಪದವರಿಗೇ ಗೊತ್ತಾಗಿಲ್ಲ.

ಲೈಟಿನಲ್ಲಿ ಉಳಿಸಲು ಹೋದರೆ ಕೆಟ್ಟಿರಿ. ಸಾವಿರದಿನ್ನೂರಕ್ಕೆ ಸಿಗುವ 395 ನ್ಯಾನೋಮೀಟರ್ ತರಂಗದ ಯುವಿ ಫ್ಲಡ್ ಲೈಟು ಇಡೀ ರಂಗವನ್ನು ನೇರಳೆ ಮಾಡಿ ಡಿಸ್ಕೋ ತರಿಸುತ್ತದೆ. ಕಪ್ಪು ಫಿಲ್ಟರಿನ 365ರದ್ದು ತಲಾ ಐದು ಸಾವಿರ ಚಿಲ್ಲರೆ, ಎರಡು ಸಾಕು. ಮೇಲಿನ ಬಾರಿನಿಂದ ನೆಲಕ್ಕೆ ಮುಖ ಮಾಡಿ ಕಟ್ಟಿ, ಯಾರ ಕಣ್ಣಿಗೂ ನೇರ ಬೀಳಕೂಡದು. ಉಳಿದ ಅಂಬರ್ (ಹಳದಿಗೆಂಪು) ದೀಪಗಳು ಡಿಮ್ಮರಿನಲ್ಲಿ ಶೇಕಡಾ ಹತ್ತರ ಕೆಳಗೆ. ಪಾತ್ರೆಗೆ ನೀರಿನ ಕ್ಯಾನು ಕತ್ತರಿಸಿದ್ದೆವು. ಪಾಲಿಕಾರ್ಬೊನೇಟ್ ಯುವಿಯನ್ನು ನುಂಗಿತು, ಒಳಗೆ ಬರೀ ಕತ್ತಲು. ದೊಡ್ಡ ಜ್ಯೂಸ್ ಬಾಟಲಿಯ ಪೆಟ್ ಪ್ಲಾಸ್ಟಿಕ್ಕಿಗೆ ಬಲೆ ಹೊದಿಸಿದ ಮೇಲೆ ಸರಿಹೋಯಿತು.

ಮೊದಲ ಶೋನಲ್ಲಿ ಜನ ನಕ್ಕರು. ಸಾಹುಕಾರನ ಬಿಳಿ ಪಂಚೆ ಕೊಡಕ್ಕಿಂತ ಜೋರಾಗಿ ಹೊಳೆಯಿತು, ವಾಷಿಂಗ್ ಪೌಡರಿನಲ್ಲಿ ಬಿಳುಪಿಗೆಂದು ಹಾಕುವ, ಯುವಿಗೆ ಹೊಳೆಯುವ ರಾಸಾಯನಿಕದ ಮಹಿಮೆ. ಒಗೆದು ತೆಗೆಯಲು ನೋಡಬೇಡಿ, ಹೋಗುವುದಿಲ್ಲ. ಕೋರಾ ಬಟ್ಟೆ ಕೊಂಡು ಅಂಟುವಾಳದಲ್ಲೇ ಒಗೆಸುತ್ತಿದ್ದೇವೆ. ಹಲ್ಲೂ ಹೊಳೆಯುತ್ತದೆ, ಅದಕ್ಕೆ ಆ ದೃಶ್ಯದಲ್ಲಿ ಸಾಹುಕಾರ ನಗುವುದನ್ನೇ ಬಿಡಿಸಿದೆವು. ಪಾತ್ರ ಇನ್ನಷ್ಟು ಕ್ರೂರವಾಯಿತು, ಅದರ ಹೆಸರು ಮಾತ್ರ ನಟನಿಗೆ ಬಂತು.

ಇನ್ನೊಂದು ಪೆಟ್ಟು ಬಯಲುಸೀಮೆಯ ಶೋನಲ್ಲಿ. ಟಾನಿಕ್ಕಿಗೆ ಸಮಸಮ ನೀರು ಬೆರೆಸುವುದು ನಮ್ಮ ಪದ್ಧತಿ, ಖರ್ಚು ಅರ್ಧ. ಅವತ್ತು ಕೊಡ ಮೊದಲೇ ಅರೆಜೀವ. ಲೈಟು ಬದಲಿಸಿ, ಕೇಬಲ್ ಬದಲಿಸಿ ಸಾಕಾಯಿತು. ನಾಲಿಗೆಗೆ ಹಚ್ಚಿದಾಗ ತಿಳಿಯಿತು, ಬೋರ್‌ವೆಲ್ ನೀರೇ ಸವಳು. ಕಣ್ಣೀರು ಬೀಳುವ ಮೊದಲೇ ಊರಿನ ನೀರು ಬೆಳಕನ್ನು ಅರ್ಧ ಕೊಂದಿತ್ತು. ಈಗ ಮಳೆನೀರು ಅಥವಾ ಬ್ಯಾಟರಿಗೆ ಹಾಕುವ ಡಿಸ್ಟಿಲ್ಡ್ ನೀರು ಜೊತೆಗೇ ಒಯ್ಯುತ್ತೇವೆ, ಚಿಟಿಕೆ ಸಿಟ್ರಿಕ್ ಆಸಿಡ್ ಹಾಕುತ್ತೇವೆ. ಹುಳಿ ಇದ್ದರೆ ಕ್ವಿನೀನ್ ಚೆನ್ನಾಗಿ ಹೊಳೆಯುತ್ತದೆ. ಸಿಕ್ಕರೆ ಸಕ್ಕರೆ ಇಲ್ಲದ ಟಾನಿಕ್ ತನ್ನಿ, ಇಲ್ಲವಾದರೆ ನೆಲ ಅಂಟಿ ಕುಣಿಯುವವರ ಶಾಪ ತಟ್ಟುತ್ತದೆ. ಶೋಗೆ ಆರು ಕ್ಯಾನು, ಇತರೆ ಸೇರಿ ನಾನೂರರ ಆಸುಪಾಸು.

ಮುಂದಿನ ನಾಟಕಕ್ಕೆ ನಿರ್ದೇಶಕರು ಕೆಂಪು ಬೆಳಕು ಕೇಳಿದ್ದಾರೆ, ಈ ಸಲ "ಆಗಲ್ಲ" ಅನ್ನಲಿಲ್ಲ. ಪಾಲಕ್ ಅರೆದು ಸ್ಪಿರಿಟ್‌ನಲ್ಲಿ ಸೋಸಿದರೆ ಯುವಿಗೆ ಕಡುಕೆಂಪು ಬರುತ್ತದೆ, ಆದರೆ ಮತ್ತೆ ಅದೇ ಸ್ಪಿರಿಟ್ಟಿನ ರಗಳೆ. ಗಾಜಿನ ಬುರುಡೆಯಲ್ಲಿ ತುಂಬಿ ಬಾಯಿ ಮುಚ್ಚಿ ನೋಡುತ್ತಿದ್ದೇನೆ.