ಬಿದ್ರಿ ಕಪ್ಪಾಗುವ ಹೊತ್ತಿಗೆ ಕ್ಯಾಮೆರಾ ಹೇಗಿರಬೇಕು

ಕಪ್ಪು ಲೋಹದ ಪಾತ್ರೆಯಲ್ಲಿ ಬೆಳ್ಳಿಯ ಚಿತ್ತಾರ ಕೂರಿಸುವ ಬೀದರಿನ ಬಿದ್ರಿ ಕಾರೀಗರರ ಕೆಲಸವನ್ನು ಸಾಕ್ಷ್ಯಚಿತ್ರಕ್ಕೆ ಹಿಡಿಯುವಾಗ ನಾನು ಕೊನೆಯ ಹಂತದಿಂದ ತಯಾರಿ ಶುರು ಮಾಡುತ್ತೇನೆ. ಸತು ಹೆಚ್ಚು, ತಾಮ್ರ ತೀರಾ ಕಡಿಮೆ ಇರುವ ಎರಕ, ಅರ ಹಾಕಿ ನುಣುಪು ಮಾಡುವುದು, ಮೈಲುತುತ್ತ ಸವರಿ ಗೆರೆ ಎಳೆಯುವುದು, ಉಳಿಯಿಂದ ಕೊರೆದು ಬೆಳ್ಳಿ ಕೂರಿಸುವುದು ದಿನಗಟ್ಟಲೆ ನಡೆಯುವ ಕೆಲಸಗಳು. ಇವತ್ತು ತಪ್ಪಿದ್ದು ನಾಳೆ ಸಿಗುತ್ತದೆ. ಕೋಟೆಯ ಮಣ್ಣಿಗೆ ನವಸಾಗರ ಕಲಸಿದ ದ್ರಾವಣ ತಾಗಿ ಸತು ಕಪ್ಪಾಗಿ, ಬೆಳ್ಳಿ ಮಾತ್ರ ಹಾಗೇ ಉಳಿಯುವುದು ಒಂದು ಪಾತ್ರೆಗೆ ಒಂದೇ ಸಲ. "ಉಸ್ತಾದ್, ಇನ್ನೊಮ್ಮೆ ಮಾಡ್ರಿ" ಅನ್ನಲಿಕ್ಕಾಗದು.

ಅದಕ್ಕೇ ಬೆಳಕನ್ನು ತಾನೇ ಹೊಂದಿಸುವ ಆಟೋ ಎಕ್ಸ್‌ಪೋಶರ್, ಬಣ್ಣವನ್ನು ತಾನೇ ಹೊಂದಿಸುವ ಆಟೋ ವೈಟ್ ಬ್ಯಾಲೆನ್ಸ್ ಎರಡೂ ಬಂದ್. ಪಾತ್ರೆ ಕಪ್ಪಾಗುತ್ತಿದ್ದಂತೆ ಕ್ಯಾಮೆರಾ ತಾನೇ ಬೆಳಕು ಏರಿಸಿದರೆ ಕಪ್ಪು ಬೂದಾಗುತ್ತದೆ, ಬೆಳ್ಳಿ ಸುಟ್ಟುಹೋಗುತ್ತದೆ. ಮೊದಲೇ ಮುಗಿದ ಒಂದು ಪಾತ್ರೆಯನ್ನು ಅದೇ ಜಾಗದಲ್ಲಿಟ್ಟು, ಅತಿ ಬೆಳಕಿನ ಜಾಗಕ್ಕೆ ಪರದೆಯಲ್ಲಿ ಪಟ್ಟೆ ತೋರಿಸುವ ಜೀಬ್ರಾವನ್ನು ಶೇ. 95ಕ್ಕೆ ಹಾಕಿ, ಬೆಳ್ಳಿಯ ಅಂಚಿನಲ್ಲಷ್ಟೇ ಪಟ್ಟೆ ಕಾಣುವವರೆಗೆ ಬೆಳಕು ಇಳಿಸುತ್ತೇನೆ. ಲೆನ್ಸ್ ಸಣ್ಣದನ್ನು ದೊಡ್ಡದಾಗಿ ಹಿಡಿಯುವ 100 ಎಂಎಂ ಮ್ಯಾಕ್ರೋ, ಅದರ ಬಾಯಿಯ ಅಳತೆ (ಅಪರ್ಚರ್) ಎಫ್ 5.6. ಹತ್ತಿರ ಹೋದರೆ ಹಬೆಗೆ ಗಾಜು ಮಸುಕಾಗುತ್ತದೆ.

ಹೊಳಪು ಕಡಿಮೆ ಮಾಡಲು ಲೆನ್ಸಿನ ಮುಂದೆ ಪೋಲರೈಸರ್ ಎಂಬ ಫಿಲ್ಟರ್ ಹಾಕುವವರಿದ್ದಾರೆ. ಬರಿ ಲೋಹದ ಹೊಳಪಿಗೆ ಅದು ಹೆಚ್ಚು ಉಪಯೋಗಕ್ಕೆ ಬಾರದು, ಒಂದೂವರೆ ಸ್ಟಾಪ್ (ಒಂದು ಸ್ಟಾಪ್ ಎಂದರೆ ಬೆಳಕು ಅರ್ಧವಾಗುವುದು) ಬೆಳಕು ಸುಮ್ಮನೆ ಹೋಗುತ್ತದೆ. ಬೆಳ್ಳಿ ತನ್ನ ಎದುರಿಗಿದ್ದುದನ್ನೇ ತೋರಿಸುತ್ತದೆ. ಆದ್ದರಿಂದ ಪಾತ್ರೆಗೆ ದೀಪ ಹಿಡಿಯದೆ, ಪಕ್ಕದಲ್ಲಿ ಕಟ್ಟಿದ ನಾಲ್ಕಡಿ-ಆರಡಿ ಬಿಳಿ ಬಟ್ಟೆಗೆ ಹಿಡಿಯುತ್ತೇನೆ. ಬಟ್ಟೆ ದೊಡ್ಡದಿದ್ದಷ್ಟೂ ಬಳ್ಳಿಯ ಗೆರೆ ಪೂರ್ತಿ ಕಾಣುತ್ತದೆ. ಕೂದಲೆಳೆಯಷ್ಟು ಸಣ್ಣ ಬೆಳ್ಳಿ ತಂತಿ ಕೊರೆದ ಗೆರೆಯೊಳಗೆ ಕೂತದ್ದು ಕಾಣದಿದ್ದರೆ ಆ ಶಾಟ್ ಇಟ್ಟು ಪ್ರಯೋಜನವಿಲ್ಲ.

ಅಂಗಡಿಯ ಎಲ್‌ಇಡಿ ಬಲ್ಬು ಮಿನುಗುವುದು ನಮ್ಮ 50 ಹರ್ಟ್ಸ್ ಕರೆಂಟಿನಿಂದ. ಸೆಕೆಂಡಿಗೆ 25 ಫ್ರೇಮಿನಲ್ಲಿ ತೆಗೆಯುವಾಗ ಶಟರ್ 1/50 ಸೆಕೆಂಡ್ ಇಟ್ಟರೆ ಬಹುತೇಕ ನಿಲ್ಲುತ್ತದೆ. ಥಿಯೇಟರಿಗೆಂದು 24 ಫ್ರೇಮಿನಲ್ಲಿ ತೆಗೆಯುವ ಸ್ವತಂತ್ರ ಸಿನಿಮಾದಲ್ಲಿ ಶಟರ್ ಕೋನ 172.8 ಡಿಗ್ರಿ ಇಡಬೇಕು, 180 ಅಲ್ಲ; ಆಗಲೇ ಅದು 1/50 ಆಗುತ್ತದೆ. ಅಗ್ಗದ ಕೆಲವು ಬಲ್ಬು ಆಗಲೂ ಮಿನುಗುತ್ತವೆ, ಬದಲಿಸುವುದೇ ದಾರಿ.

ಕಡಿಮೆ ಬಜೆಟ್ಟಿನ ಕಥಾಚಿತ್ರಕ್ಕೆ ಕರೆಯುವ ನಿರ್ದೇಶಕರು ಶೋರೀಲಿನಲ್ಲಿ, ಅಂದರೆ ನಮ್ಮ ಕೆಲಸದ ಮಾದರಿ ತುಣುಕುಗಳಲ್ಲಿ, ನೋಡುವುದು ಇದನ್ನೇ: ದೊಡ್ಡ ಯೂನಿಟ್ ಇಲ್ಲದೆ, ಅಲ್ಲಿರುವ ಬೆಳಕನ್ನು ಕ್ಯಾಮೆರಾಮನ್ ಹೇಗೆ ನಿಭಾಯಿಸುತ್ತಾನೆ. ಹಾಗಾಗಿ ಕತ್ತರಿಸದ ಒಂದು ಉದ್ದ ಶಾಟ್ ಅದರಲ್ಲಿ ಇರಲೇಬೇಕು. ಕಲಬುರಗಿ ಕಡೆಯ ಶಹಾಬಾದ್ ಕಲ್ಲಿನ ಮನೆಗಳಲ್ಲಿ ಕಿಟಕಿ ಸಣ್ಣವು, ಬೂದು ನೆಲ ಬೆಳಕು ನುಂಗುತ್ತದೆ. ಫ್ರೇಮಿನ ಹೊರಗೆ ನೆಲಕ್ಕೆ ಬಿಳಿ ಚಾದರ ಹಾಸಿದರೆ ಮುಖದ ಕೆಳಭಾಗ ತೆರೆದುಕೊಳ್ಳುತ್ತದೆ. ಕಿಟಕಿ ಬಿಸಿಲಿರುವಾಗಲೇ ವೈಡ್ ಮುಗಿಸಿ, ಕ್ಲೋಸಪ್ ಆಮೇಲೆ ಇಟ್ಟುಕೊಳ್ಳಿ. ಅದಕ್ಕೆ ಬಟ್ಟೆಯ ಬೆಳಕೇ ಸಾಕು.

ಹೊರಗೆ ಮಧ್ಯಾಹ್ನದ ಬಿಸಿಲಿಗೆ ಐಎಸ್‌ಒ (ಬೆಳಕಿಗೆ ಕ್ಯಾಮೆರಾದ ಸೂಕ್ಷ್ಮತೆ) 800, ಶಟರ್ 1/50, ಎಫ್ 4 ಬೇಕೆಂದರೆ ಎಂಟು ಸ್ಟಾಪ್ ಎನ್‌ಡಿ, ಅಂದರೆ ಬೆಳಕು ತಗ್ಗಿಸುವ ಕಪ್ಪು ಗಾಜು, ಬೇಕು. ತಿರುಗಿಸಿ ಹೆಚ್ಚುಕಡಿಮೆ ಮಾಡುವ ವೇರಿಯಬಲ್ ಎನ್‌ಡಿಯನ್ನು ಅಷ್ಟಕ್ಕೆ ತಿರುಗಿಸಿದರೆ ವೈಡ್ ಲೆನ್ಸಿನಲ್ಲಿ ಅಡ್ಡಡ್ಡ ಕಪ್ಪು ನೆರಳು ಬೀಳುತ್ತದೆ. 1.8 (ಆರು ಸ್ಟಾಪ್) ಮತ್ತು 0.6 (ಎರಡು ಸ್ಟಾಪ್) ಬಿಡಿ ಗಾಜು ಎರಡನ್ನೂ ಜೋಡಿಸುವುದು ಒಳ್ಳೆಯದು.